ಬೇವಿನ ಗಿಡಕ್ಕೆ ಕಟ್ಟಿದ ತಂತಿ

ಹೊರ್ತಿ ಊರಿನಲ್ಲಿ ಕರೆಂಟಿನ ಕಂಬ ನಿಂತು ಇನ್ನೂ ವರ್ಷ ತುಂಬಿರಲಿಲ್ಲ. ಸಂಜೆಯಾದರೆ ಓಣಿಯಲ್ಲಿ ಅನುಕೂಲವಿದ್ದವರು ಗುಂಡಿ ಒತ್ತಿ ದೀಪ ಹಚ್ಚುತ್ತಿದ್ದರು. ಸುಲ್ತಾನಬಿಯ ಮನೆಯಲ್ಲಿ ಮಾತ್ರ ಹಳೆಯ ಸೀಮೆಎಣ್ಣೆಯ ಚಿಮಣಿಯೇ ಮತ್ತೆ ಗೋಡೆಯ ಗೂಡು ಸೇರಿತ್ತು. ಲೈಟಿನ ಬಲ್ಬನ್ನು ಆಕೆ ಮಗ ದಸ್ತಗೀರಸಾಬನ ಕೈಯಿಂದ ಬಿಚ್ಚಿಸಿ, ಹಳೆಯ ಅರಿವೆಯಲ್ಲಿ ಸುತ್ತಿ, ಜೋಳದ ಚೀಲದ ಹಿಂದೆ ಬಚ್ಚಿಟ್ಟಿದ್ದಳು.

ಇದಕ್ಕೆಲ್ಲ ಕಾರಣ ಸೊಸೆ ನಜಮಾ. ಆಕೆಗೀಗ ಏಳು ತಿಂಗಳು. ಹಿಂದಿನ ಎರಡು ಬಸಿರು ನಿಂತಿರಲಿಲ್ಲ. ಈ ಮೂರನೆಯದಾದರೂ ಕೈಗೆ ಬರಲೆಂದು ಸುಲ್ತಾನಬಿ ದಿನವೂ ಬೆರಳು ಮಡಚಿ ವಾರಗಳನ್ನು ಎಣಿಸುತ್ತಿದ್ದಳು. ಮಾಳಿಗೆಯ ಮೇಲೆ ಹಾಯ್ದುಹೋದ ತಂತಿ ಕಣ್ಣಿಗೆ ಬಿದ್ದರೆ ಸಾಕು, ಎಣಿಕೆ ತಪ್ಪುತ್ತಿತ್ತು. ಕಂಬದ ಬುಡಕ್ಕೆ ಹೋದರೆ ಗುಂಯ್ ಎನ್ನುವ ಸದ್ದು. ಕಾಣದ್ದೇನೋ ಒಂದು ಮಾಳಿಗೆಯ ಮಣ್ಣನ್ನು ತೂರಿ, ಕೆಳಗೆ ಮಲಗಿದ ಸೊಸೆಯ ಹೊಟ್ಟೆಗೆ ಇಳಿಯುತ್ತಿದೆ ಎಂದು ಆಕೆಗೆ ಅನ್ನಿಸುತ್ತಿತ್ತು.

ಪಕ್ಕದ ಮನೆಯ ದುರ್ಗವ್ವ ಈ ಉರಿಗೆ ಇನ್ನಷ್ಟು ಕಟ್ಟಿಗೆ ಒಟ್ಟಿದಳು.

“ಕಂಬ ನಿಂತ ಮ್ಯಾಲ ನಮ್ಮ ಎಮ್ಮಿ ಹಾಲ ಕಡಿಮಿ ಮಾಡ್ತು ನೋಡ ಸುಲ್ತಾನಿ. ಅದು ತಂತಿ ಗಾಳಿ. ಎಮ್ಮೀನ ಬಿಡಲಿಲ್ಲಂದ್ರ ಬಸರ ಹೆಂಗಸನ್ನ ಬಿಡತೈತೇನ?”

“ಹಂಗಾರ ಏನ ಮಾಡೂದ, ದುರ್ಗಿ? ಮನೀನ ಎತ್ತಿ ಬ್ಯಾರೆ ಕಡೆ ಇಡಾಕ ಬರತೈತೇನ?”

“ದೊಡ್ಡ ದೊಡ್ಡ ಕಟ್ಟಡಕ್ಕ ಸಿಡಿಲ ಬಡೀಬಾರದಂತ ಕಬ್ಬಿಣದ ತಂತಿ ಇಳಿಸಿರತಾರ. ಸಿಡಿಲನ್ನ ಹೊರಗ ಎಳಕೊಂಡ ಹೋಗತೈತಂತ. ನೀನೂ ಈ ಗಾಳೀನ ಹಂಗ ಹೊರಗ ಎಳಿ. ಅಂಗಳದಾಗ ಬೇವಿನ ಗಿಡ ಐತಿ. ಬೇವು ಎಂಥಾ ಕೆಟ್ಟ ಗಾಳೀನೂ ಹೀರತೈತಿ.”

ಮುಳುಗುವವಳಿಗೆ ಹುಲ್ಲುಕಡ್ಡಿ ಸಿಕ್ಕಂತಾಯಿತು. ಮನೆಯ ಗೋಡೆಗೆ ಒಂದು ಕಬ್ಬಿಣದ ಕೊಳವೆ ನಿಲ್ಲಿಸಿದ್ದರು. ಕಂಬದಿಂದ ಬಂದ ಕರೆಂಟಿನ ತಂತಿ ಆ ಕೊಳವೆಯ ಒಳಗಿಂದ ಮನೆಗೆ ಇಳಿಯುತ್ತಿತ್ತು. ಅದೇ ಕೊಳವೆಗೆ ಬರಿಯ ಕಬ್ಬಿಣದ ತಂತಿಯ ಒಂದು ತುದಿಯನ್ನು ಸುತ್ತಿಸಿ, ಅಂಗಳದ ಮೇಲೆ ಹಾಯಿಸಿ, ಇನ್ನೊಂದು ತುದಿಯನ್ನು ಬೇವಿನ ಗಿಡಕ್ಕೆ ಜಗ್ಗಿ ಕಟ್ಟಿಸಿದಳು. ದಸ್ತಗೀರಸಾಬ ಗೊಣಗುತ್ತಲೇ ಕಟ್ಟಿದ. ತಾಯಿಯ ಮಾತು, ಏನು ಮಾಡುತ್ತಾನೆ!

ಆ ದಿನ ಸುಲ್ತಾನಬಿ ಹೊಟ್ಟೆ ತುಂಬ ಉಂಡಳು. ನಾಲ್ಕು ದಿನ ಕಳೆಯುವಷ್ಟರಲ್ಲಿ ಆ ತಂತಿಯ ಮೇಲೆ ಒಂದು ಲಂಗ ಬಿತ್ತು, ಮರುದಿನ ಎರಡು ಸೀರೆ. ಅಂಗಳದ ನಡುವೆ ಬಿಗಿಯಾದ ತಂತಿ ಇದ್ದಾಗ ಬಟ್ಟೆ ಒಣಹಾಕದೆ ಯಾವ ಹೆಂಗಸು ಬಿಟ್ಟಾಳು?

ಹದಿನೈದು ದಿನಕ್ಕೊಮ್ಮೆ ಬಸುರಿಯರನ್ನು ನೋಡಲು ನರ್ಸಬಾಯಿ ಸಾವಿತ್ರವ್ವ ಊರಿಗೆ ಬರುತ್ತಿದ್ದಳು. ಆ ಸಲ ಬಂದಾಗ ಮುಂಜಾನೆ ಜಿಟಿಜಿಟಿ ಮಳೆ ಬಂದು ಆಗಷ್ಟೇ ನಿಂತಿತ್ತು. ಬಾಣಂತನಕ್ಕೆಂದು ಒಗೆದ, ಹಳೆಯ ಸೀರೆಗಳ ದಪ್ಪ ಕೌದಿ ಬುಟ್ಟಿಯಲ್ಲಿ ನೀರು ಸೋರುತ್ತ ಕೂತಿತ್ತು. ನಜಮಾಳ ಹೊಟ್ಟೆ ಮುಟ್ಟಿ, ಕಣ್ಣಿನ ರೆಪ್ಪೆ ಬಿಡಿಸಿ ನೋಡಿ, “ಕೂಸು ಚಂದ ಬೆಳದೈತಿ. ಗುಳಿಗಿ ಬಿಡಬ್ಯಾಡವಾ” ಎಂದು ಹೇಳಿ ಸಾವಿತ್ರವ್ವ ಪಡಸಾಲೆಗೆ ಬಂದಳು. ಬಲ್ಬಿಲ್ಲದೆ ಜೋತುಬಿದ್ದ ವಾಯರು ಕಣ್ಣಿಗೆ ಬಿತ್ತು.

“ಅವ್ವಾರ, ದೀಪ ಎಲ್ಲಿ ಹೋತ್ರಿ? ಈ ಹೊಗಿಯಾಗ ಬಸರ ಹುಡುಗೀನ ಯಾಕ ಕೂಡಸ್ತೀರಿ?”

“ಹೊಗಿ ಕಣ್ಣ ಉರಸತೈತಿ, ಬಾಯಾರ. ಕರೆಂಟ ಕೂಸನ್ನ ತಿಂತೈತಿ.”

ಸಾವಿತ್ರವ್ವ ನಗಲಿಲ್ಲ. ಸುಲ್ತಾನಬಿ ಹೇಳಿದ್ದನ್ನೆಲ್ಲ ಕೇಳಿದಳು. ಕೇಳಿ, ಮೂಲೆಯ ಹೊಲಿಗೆ ಮಷೀನಿನತ್ತ ನೋಡಿದಳು. ದಸ್ತಗೀರಸಾಬ ದರ್ಜಿ. ನೆಲಕ್ಕೆ ಬಿದ್ದ ಸೂಜಿ ಆರಿಸಲು ಮಷೀನಿನ ಬಳಿ ಒಂದು ಸೂಜಿಗಲ್ಲು ಇಟ್ಟಿದ್ದ. ಸಾವಿತ್ರವ್ವ ಅದನ್ನು ತರಿಸಿಕೊಂಡು, ನೆಲದ ಮೇಲೆ ಒಂದು ಸೂಜಿ ಇಟ್ಟಳು. ಸೂಜಿಗಲ್ಲನ್ನು ಒಂದು ಗೇಣು ದೂರದಲ್ಲಿ ಹಿಡಿದಳು. ಸೂಜಿ ಮಿಸುಕಲಿಲ್ಲ. ಹತ್ತಿರ ಒಯ್ದಾಗ ಟಪ್ಪನೆ ಹಾರಿ ಅಂಟಿತು.

“ನೋಡ್ರಿ, ಗೇಣ ದೂರದಾಗ ಇದರ ಜೋರ ನಡೀಲಿಲ್ಲ. ಕರೆಂಟ ಹರಿಯೋ ತಂತಿ ಸುತ್ತನೂ ಒಂದ ಸೆಳವು ಇರತೈತಿ. ಅದು ಸುಳ್ಳಲ್ಲ. ಆದ್ರ ಮನಿ ದೀಪದ ತಂತಿ ಸೆಳವು ಈ ಕಲ್ಲಿನಕಿಂತ ಬಾಳ ಕಡಿಮಿ. ದೂರ ಸರದಂಗೆಲ್ಲ ಕರಗಿಹೋಗತೈತಿ. ಅದರಿಂದ ಬಸರ ಇಳಿದದ್ದನ್ನ ನಮಗ ಕಲಿಸಿದ ಡಾಕ್ಟರೂ ಕಂಡಿಲ್ಲ. ಈ ಕಲ್ಲನ್ನ ನಜಮಾ ದಿನಾ ಮಡಲಾಗ ಇಟಗೊಂಡ ಸೂಜಿ ಆರಸ್ತಾಳಲ್ಲ, ಅದಕ್ಯಾಕ ಅಂಜವಲ್ರಿ?”

“ಓದಿದವರ ಬಾಯಾಗ ಎಲ್ಲಾದಕ್ಕೂ ‘ಏನೂ ಆಗೂದಿಲ್ಲ’ ಅನ್ನೂದೊಂದ ಮಾತು,” ಎಂದಳು ಸುಲ್ತಾನಬಿ. “ಹಂಗಾರ ಆ ಎರಡು ಯಾಕ ನಿಲ್ಲಲಿಲ್ಲ ಹೇಳ್ರಿ?”

“ಆವಾಗ ಊರಾಗ ಕಂಬ ಎಲ್ಲಿದ್ದೂವ್ರಿ ಅವ್ವಾರ?”

ಸುಲ್ತಾನಬಿಗೆ ನೆನಪಾಯಿತು. ಹೌದು, ಆಗ ಇದ್ದದ್ದು ಚಿಮಣಿಯೇ. ಆಗ ಇದ್ದದ್ದು ದೂರದ ಬಾವಿ, ಸೊಸೆಯ ತಲೆಯ ಮೇಲೆ ಎರಡೆರಡು ಕೊಡ, ಅತ್ತೆಯ ಅವಸರ. ದೋಷವನ್ನು ತಂತಿಯ ಮೇಲೆ ಹೊರಿಸಿದಾಗ ಮನಸ್ಸು ಎಷ್ಟು ಹಗುರಾಗಿತ್ತು! ಆದರೂ ಆಕೆ ಸೋಲಲಿಲ್ಲ.

“ಗಾಳಿ ಇಲ್ಲಂದ್ರ ನಿನ್ನಿ ಸಂಜೀಕ ನನ್ನ ಕೈ ಯಾಕ ಜುಂ ಅಂತ್ರಿ? ಅಂಗಳದ ತಂತಿ ಮುಟ್ಟಿದ್ನಿ, ಮೊಳಕೈತನಾ ಇರುವಿ ಹರದಂಗ ಆತು. ಗಾಳಿ ಬೇವಿನ ಗಿಡಕ್ಕ ಹೋಗಾಕತ್ತೈತಿ ಅಂತ ನಮ್ಮ ದುರ್ಗಿನೂ ಅಂದ್ಲು.”

ಸಾವಿತ್ರವ್ವ ಸೂಜಿಗಲ್ಲು ಬಿಟ್ಟು ಎದ್ದಳು. “ಯಾವ ತಂತಿ? ಎಲ್ಲಿಂದ ಕಟ್ಟೀರಿ?”

“ಕೊಳವಿಯಿಂದ. ಈಗ ನಜಮಾ ಕೌದಿ ಒಣಹಾಕಾಕ—”

ಮಾತು ಮುಗಿಯಲಿಲ್ಲ. ಸಾವಿತ್ರವ್ವ ಬಾಗಿಲಿಗೆ ಹಾರಿದ್ದಳು. ಅಂಗಳದಲ್ಲಿ ನಜಮಾ ಬರಿಗಾಲಲ್ಲಿ ಕೆಸರಿನ ಮೇಲೆ ನಿಂತು, ಹಸಿ ಕೌದಿಯನ್ನು ಎರಡೂ ಕೈಯಲ್ಲಿ ಮೇಲಕ್ಕೆ ಎತ್ತಿದ್ದಳು.

“ನಜಮಾ! ಮುಟ್ಟಬ್ಯಾಡ! ಕೌದಿ ಕೆಳಗ ಒಗಿ!”

ಹುಡುಗಿ ಬೆಚ್ಚಿ ಹಾಗೇ ನಿಂತಳು. ಕೌದಿಯ ಅಂಚಿಗೂ ತಂತಿಗೂ ನಡುವೆ ನಾಲ್ಕು ಬೆರಳಿನಷ್ಟು ಜಾಗ. ಸುಲ್ತಾನಬಿ ಹೊಸ್ತಿಲಿಗೆ ಓಡಿಬಂದಳು. ಯಾ ಅಲ್ಲಾ, ಕೂಸು! ಕೂಸು! ಎದೆಯೊಳಗೆ ಅದೊಂದೇ ಬಡಿತ.

ದೊಪ್ಪನೆ ಸದ್ದಾಯಿತು. ಕೌದಿ ಕೆಸರಿಗೆ ಬಿದ್ದಿತ್ತು.

“ಹಿಂದಕ ಸರಿ, ತಂಗಿ. ಇನ್ನೂ ಹಿಂದಕ. ಹಾಂ, ಈಗ ಒಳಗ ಬಾ.”

ಸದ್ದು ಕೇಳಿ ಬಂದ ದುರ್ಗವ್ವನನ್ನು ಸಾವಿತ್ರವ್ವ ಲೈನಮನ್ ಮಾನಪ್ಪನನ್ನು ಕರೆತರಲು ಓಡಿಸಿದಳು. ಅವನು ಬರುವವರೆಗೆ ಅಂಗಳಕ್ಕೆ ಯಾರೂ ಕಾಲಿಡಲಿಲ್ಲ. ತಂತಿ ಸುಮ್ಮನೆ ಇತ್ತು. ಅದರ ಕೆಳಗೆ ಮಳೆಹನಿಗಳು ಸಾಲಾಗಿ ತೂಗುತ್ತಿದ್ದವು. ಇಷ್ಟು ಸಣ್ಣ ವಸ್ತು ಇಷ್ಟು ಭಯ ಹುಟ್ಟಿಸಬಲ್ಲದೆಂದು ಸುಲ್ತಾನಬಿಗೆ ಗೊತ್ತಿರಲಿಲ್ಲ.

ಮಾನಪ್ಪ ಕಾಲಿಗೆ ಬೂಟು, ಕೈಗೆ ರಬ್ಬರಿನ ಗವಸು ಹಾಕಿಕೊಂಡು ಬಂದ. ಎರಡು ವಾಯರು ಜೋಡಿಸಿದ ಬಲ್ಬು ಅವನ ಬಳಿ ಇತ್ತು. ಒಂದು ವಾಯರನ್ನು ಹಸಿ ನೆಲಕ್ಕೆ ಚುಚ್ಚಿದ, ಇನ್ನೊಂದನ್ನು ಅಂಗಳದ ತಂತಿಗೆ ತಾಗಿಸಿದ.

ಬಲ್ಬು ಹಗಲಿನಲ್ಲೇ ಕೆಂಪಗೆ ಉರಿಯಿತು.

ಸುಲ್ತಾನಬಿ ಹೊಸ್ತಿಲಿನಿಂದಲೇ ಅದನ್ನು ನೋಡಿದಳು. ತನ್ನ ಕೈಯಾರೆ ಕಟ್ಟಿಸಿದ್ದು! ಸೊಸೆಯನ್ನು ಉಳಿಸಲೆಂದೇ ಕಟ್ಟಿಸಿದ್ದು!

ಮಾನಪ್ಪ ಮೊದಲು ಕಂಬ ಹತ್ತಿ ಕರೆಂಟು ತೆಗೆದ. ಆಮೇಲೆ ಕೊಳವೆಯ ಬಾಯಿ ನೋಡಿದ.

“ಗಾಳಿಗೆ ಗಿಡ ಅಳ್ಳಾಡಿದಂಗೆಲ್ಲ ನಿಮ್ಮ ತಂತಿ ಈ ಕೊಳವೀನ ಜಗ್ಗೈತಿ. ಕೊಳವಿ ಅಂಚು ತಿಕ್ಕಿ ಒಳಗಿನ ವಾಯರದ ರಬ್ಬರ ಸವದೈತಿ. ಕರೆಂಟ ಕೊಳವಿಗೆ ಬಂತು, ಕೊಳವಿಯಿಂದ ಬಟ್ಟಿ ತಂತಿಗೆ ಬಂತು. ನಿನ್ನಿ ಅವ್ವಾರು ಹೆಂಗ ಉಳದ್ರು?”

“ಒಣ ಬಂಡಿಗಲ್ಲಿನ ಮ್ಯಾಲ ನಿಂತಿದ್ನಿ. ಕಾಲಾಗ ಕೆರ ಇದ್ದೂವು,” ಎಂದಳು ಸುಲ್ತಾನಬಿ.

“ಈಕಿ ಬರಿಗಾಲು. ಕೆಳಗ ಕೆಸರು, ಕೈಯಾಗ ಹಸಿ ಕೌದಿ,” ಎಂದು ಸಾವಿತ್ರವ್ವ ಮೆಲ್ಲಗೆ ಹೇಳಿದಳು. “ನಾ ಮೊದಲಿದ್ದ ಊರಾಗ ಹಿಂಗ ಒಬ್ಬಾಕಿ ಹೋದ್ಲು. ಎಳೀಲಿಕ್ಕೆ ಹೋದ ಗಂಡನೂ ಹೋದ. ದೂರದ ತಂತಿ ಕೂಸನ್ನ ತಿನ್ನೂದಿಲ್ರಿ ಅವ್ವಾರ. ಮುಟ್ಟಿದ ತಂತಿ ಯಾರನ್ನೂ ಬಿಡೂದಿಲ್ಲ.”

ದುರ್ಗವ್ವ ಸೆರಗಿನ ತುದಿ ಕಚ್ಚಿ ನಿಂತಿದ್ದಳು. “ನಂದ ತಪ್ಪಾತವಾ. ಎಮ್ಮಿಗೆ ಮೇವು ಸಾಲದ್ದಕ್ಕ ಹಾಲ ಕಡಿಮಿ ಆಗಿತ್ತಂತ ನಮ್ಮ ಯಜಮಾನರು ಅವತ್ತ ಅಂದಿದ್ರು,” ಎಂದಳು. ಆ ಹೊತ್ತಿನಲ್ಲೂ ನಜಮಾಳಿಗೆ ನಗು ಬಂತು. ನಗುತ್ತಲೇ ಅತ್ತಳು.

ಸಂಜೆಯೊಳಗೆ ಮಾನಪ್ಪ ಹೊಸ ವಾಯರು ಹಾಕಿಕೊಟ್ಟ. ಕಬ್ಬಿಣದ ತಂತಿ ಸುರುಳಿಯಾಗಿ ಮೂಲೆ ಸೇರಿತು. ದಸ್ತಗೀರಸಾಬ ಕೊಳವೆಯಿಂದ ದೂರಕ್ಕೆ ಎರಡು ಗೂಟ ನೆಟ್ಟು ಪುಂಡಿನಾರಿನ ಹಗ್ಗ ಕಟ್ಟಿದ. ಸುಲ್ತಾನಬಿ ಜೋಳದ ಚೀಲದ ಹಿಂದಿನಿಂದ ಬಲ್ಬು ತೆಗೆದು, ಸೆರಗಿನಿಂದ ಒರೆಸಿ ಮಗನ ಕೈಗೆ ಕೊಟ್ಟಳು. ಅವನು ಅದನ್ನು ಕೂಡಿಸಿ ಕೆಳಗಿಳಿದ ಮೇಲೆ, ಕೈ ಒಣಗಿದೆಯೇ ಎಂದು ಎರಡು ಸಲ ನೋಡಿಕೊಂಡು ತಾನೇ ಗುಂಡಿ ಒತ್ತಿದಳು.

ಎರಡು ತಿಂಗಳ ಮೇಲೆ ಅದೇ ದೀಪದ ಬೆಳಕಿನಲ್ಲಿ ನಜಮಾ ಹೆಣ್ಣು ಹಡೆದಳು. ಹೊಗೆಯಿಲ್ಲದ ಕೋಣೆಯಲ್ಲಿ ಸಾವಿತ್ರವ್ವನಿಗೆ ಎಲ್ಲವೂ ನಿಚ್ಚಳವಾಗಿ ಕಾಣಿಸಿತು. ಕೂಸಿನ ಮೊದಲ ಅರಿವೆ ಒಣಗಿದ್ದು ಪುಂಡಿನಾರಿನ ಹಗ್ಗದ ಮೇಲೆ. ಈಗಲೂ ಸುಲ್ತಾನಬಿ ಯಾರ ಮನೆಗೆ ಹೋದರೂ ಮೊದಲು ಅಂಗಳದ ತಂತಿಯ ತುದಿ ಹುಡುಕುತ್ತಾಳೆ. ಆಮೇಲೆಯೇ ಚಹಾ.

ತಾಯಂದಿರೇ, ಅಣ್ಣಂದಿರೇ, ಮನೆಯ ದೀಪಕ್ಕೆ, ಮಾಳಿಗೆಯ ಮೇಲಿನ ತಂತಿಗೆ ಕಾಣದ ಗಾಳಿ ಇದೆಯೆಂದು ಅಂಜಬೇಡಿರಿ. ಅಂಜಬೇಕಾದದ್ದು ರಬ್ಬರಿಲ್ಲದ ಬರಿಯ ತಂತಿಗೆ, ಹಸಿ ಕೈಗೆ. ಕಂಬಕ್ಕಾಗಲಿ, ಕಂಬವನ್ನು ಬಿಗಿದ ತಂತಿಗಾಗಲಿ, ಕರೆಂಟಿನ ಕೊಳವೆಗಾಗಲಿ ಬಟ್ಟೆಯ ತಂತಿ, ದನದ ಹಗ್ಗ ಯಾವುದನ್ನೂ ಕಟ್ಟಬೇಡಿರಿ. ಕೈ ಜುಂ ಎಂದರೆ ಅದು ಗಾಳಿಯಲ್ಲ, ಕೊನೆಯ ಎಚ್ಚರಿಕೆ. ದೂರ ಸರಿದು ಲೈನಮನ್ನನ್ನು ಕರೆಯಿರಿ. ಯಾರಾದರೂ ತಂತಿಗೆ ಸಿಕ್ಕರೆ ಬರಿಗೈಯಿಂದ ಎಳೆಯಬೇಡಿರಿ. ಮೊದಲು ಕರೆಂಟು ತೆಗೆಸಿರಿ. ಮನೆಯ ವಾಯರಾಗಿದ್ದು ಕರೆಂಟು ತೆಗೆಯಲು ತಡವಾದರೆ, ಒಣ ಹಲಗೆಯ ಮೇಲೆ ನಿಂತು ಒಣ ಕೋಲಿನಿಂದ ತಂತಿಯನ್ನು ಸರಿಸಿರಿ. ಕಂಬದ ಮೇಲಿನ ದೊಡ್ಡ ತಂತಿ ಹರಿದು ಬಿದ್ದಿದ್ದರೆ ಹತ್ತಿರವೂ ಹೋಗಬೇಡಿರಿ.

ಈ ಕಥೆ ಕೇಳಿ ಮುಗಿಯಿತಲ್ಲ, ಈಗ ಎದ್ದು ನಿಮ್ಮ ಅಂಗಳಕ್ಕೆ ಹೋಗಿರಿ. ಮುಟ್ಟದೆ, ಕಣ್ಣಿನಿಂದಲೇ ನೋಡಿರಿ: ನೀವು ದಿನಾ ಬಟ್ಟೆ ಒಣಹಾಕುವ ತಂತಿಯ ಆಚೆಯ ತುದಿಯನ್ನು ಯಾವುದಕ್ಕೆ ಕಟ್ಟಿದ್ದೀರಿ?