ಟಿವಿಗೆ ಸಿಗದ ಮಗ

ತೊಂಬತ್ತು ನಿಮಿಷದ ಫುಟ್‌ಬಾಲ್ ಆಟದಲ್ಲಿ ಮಗ ಟಿವಿಯಲ್ಲಿ ಕಾಣಿಸಿಕೊಂಡದ್ದು ಒಟ್ಟು ನಲವತ್ತೊಂದು ಸೆಕೆಂಡು. ಅಮ್ಮ ಅದನ್ನು ಅಂಗಡಿಯ ಗೋಡೆ ಗಡಿಯಾರ ನೋಡಿ ಲೆಕ್ಕ ಹಾಕಿದ್ದಳು. ಅದರಲ್ಲೂ ಹನ್ನೆರಡು ಸೆಕೆಂಡು ಬರೀ ಬೆನ್ನು. ಇನ್ನಾರು ಸೆಕೆಂಡು, ಬೂಟಿನ ಲೇಸು ಬಿಚ್ಚಿಹೋಗಿದ್ದರಿಂದ ಪುಕ್ಕಟೆಯಾಗಿ ಸಿಕ್ಕಿದ್ದು.

"ನೀನು ನಿಜವಾಗ್ಲೂ ಆಡಿದ್ಯೇನೋ?" ಎಂದು ಫೋನಿನಲ್ಲಿ ಕೇಳಿದಳು.

"ಪೂರ್ತಿ ಆಡಿದ್ದೀನಮ್ಮ. ಹನ್ನೊಂದು ಕಿಲೋಮೀಟರ್ ಓಡಿದ್ದೀನಿ."

"ಎಲ್ಲಿಗೆ?"

ಇದಕ್ಕೆ ಉತ್ತರ ಕೊಡುವುದು ಸುಲಭವಲ್ಲ. ಗೋಲ್‌ಕೀಪರ್ ಒಂದು ಕಡೆ ನಿಂತಿರುತ್ತಾನೆ, ಎಂಥವರಿಗೂ ಕಾಣುತ್ತಾನೆ. ಗೋಲು ಹೊಡೆದವನನ್ನು ಊರೇ ಹೆಗಲ ಮೇಲೆ ಹೊತ್ತು ತಿರುಗುತ್ತದೆ. ಇವರಿಬ್ಬರ ನಡುವೆ ಬೆವರು ಸುರಿಸಿಕೊಂಡು ಓಡುವ ಮಿಡ್‌ಫೀಲ್ಡರ್ ಎಂಬ ಪ್ರಾಣಿಯ ಕೆಲಸ, ಬಂದ ಚೆಂಡನ್ನು ಮುಂದಿನವನಿಗೆ ದಾಟಿಸುವುದು. ಅಮ್ಮನ ಮಗ ಅದನ್ನು ಒಂದೇ ಏಟಿಗೆ ದಾಟಿಸುತ್ತಿದ್ದ. ಚೆಂಡು ಬಂತು ಎನ್ನುವಷ್ಟರಲ್ಲಿ ಹೊರಟಿರುತ್ತಿತ್ತು, ಟಿವಿ ಕ್ಯಾಮೆರಾ ಅದರ ಬೆನ್ನು ಹತ್ತಿ ಹೋಗಿರುತ್ತಿತ್ತು. ತಂಡದವರು ಅವನಿಗೆ ಅಂಚೆಯಣ್ಣ ಎಂದು ಹೆಸರಿಟ್ಟಿದ್ದರು.

ತಮಾಷೆಯೆಂದರೆ ಈ ವಿದ್ಯೆ ಕಲಿಸಿದ್ದು ಅಮ್ಮನೇ. ಮನೆಯ ಮುಂದಿನ ಕೋಣೆಯಲ್ಲಿ ಅವಳದೊಂದು ಆಲ್ಟರೇಷನ್ ಅಂಗಡಿ. ಉದ್ದ ಪ್ಯಾಂಟನ್ನು ಗಿಡ್ಡ ಮಾಡುವುದು, ಮಾಲೀಕನ ಹೊಟ್ಟೆ ಬೆಳೆದಂತೆ ಸೊಂಟ ಬಿಚ್ಚುವುದು, ಕಿತ್ತುಹೋದ ಜಿಪ್ಪು ಬದಲಿಸುವುದು. ಹೊಲಿದು ಇಸ್ತ್ರಿ ಮಾಡಿದ ಬಟ್ಟೆ ಆರುವ ಮೊದಲೇ ಮಗನ ಕೈಗೆ ಬರುತ್ತಿತ್ತು. "ಬೇರೆಯವರ ಬಟ್ಟೆ ನಮ್ಮ ಹತ್ರ ಒಂದು ನಿಮಿಷಾನೂ ಜಾಸ್ತಿ ಇರಬಾರದು. ಓಡು, ಕೊಟ್ಟು ಬಾ." ಅವನು ಬಟ್ಟೆಯನ್ನು ಎಡಗೈ ಮೇಲೆ ಹಾಸಿಕೊಂಡು, ಮಡಿಕೆ ಕೆಡದಂತೆ ಕೈಯನ್ನು ಮೈಯಿಂದ ದೂರ ಹಿಡಿದು ಓಡುತ್ತಿದ್ದ. ಇಪ್ಪತ್ತೆರಡು ತುಂಬಿದರೂ ಆ ಎಡಗೈ ಇನ್ನೂ ಹತ್ತಿರ ಬಂದಿಲ್ಲ. ಓಟ ತಿದ್ದಲೆಂದೇ ಕ್ಲಬ್ಬಿನವರು ಇಟ್ಟುಕೊಂಡಿದ್ದ ಟ್ರೈನರ್ ತಲೆ ಚಚ್ಚಿಕೊಂಡು ಸುಮ್ಮನಾಗಿದ್ದ.

ದೊಡ್ಡ ಲೀಗಿನಲ್ಲಿ ಇದು ಅವನ ಮೊದಲ ವರ್ಷ. ಕರಾರು ಒಂದೇ ವರ್ಷದ್ದು. ಋತು ಮುಗಿದಾಗ ಕೋಚ್ ಒಳ್ಳೆಯ ಮಾತು ಬರೆದರೆ ಉಂಟು, ಇಲ್ಲದಿದ್ದರೆ ಬೂಟು ಗೂಟಕ್ಕೆ. ಕೋಚ್ ಮಾತು ಕಡಿಮೆಯ ಮನುಷ್ಯ. ಒಂದು ಮೊಣಕಾಲು ಕೆಟ್ಟಿತ್ತು, ಆದ್ದರಿಂದ ಎಲ್ಲವನ್ನೂ ಓರೆಯಾಗಿ ನಿಂತು ನೋಡುತ್ತಿದ್ದರು. ನಲವತ್ತೊಂದು ಸೆಕೆಂಡಿನ ಆಟದ ಮರುದಿನ ಅವನ ಬೆನ್ನು ತಟ್ಟಿ, "ನಿನ್ನೆ ನೀನು ಮೈದಾನದಲ್ಲಿ ಇದ್ದದ್ದೇ ಯಾರಿಗೂ ಗೊತ್ತಾಗಿಲ್ಲ. ಹೀಗೇ ಆಡು" ಎಂದರು. ಅವರ ಬಾಯಿಂದ ಅದಕ್ಕಿಂತ ದೊಡ್ಡ ಹೊಗಳಿಕೆ ಯಾರೂ ಕೇಳಿರಲಿಲ್ಲ.

ಆದರೆ ಈ ಹೊಗಳಿಕೆ ಅಂಗಡಿಯಲ್ಲಿ ನಡೆಯುತ್ತದೆಯೇ? ಅಮ್ಮ ಮಗನ ಆಟಕ್ಕೆಂದೇ ಹೊಲಿಗೆ ಮಿಷನ್ನಿನ ಎದುರು ದೊಡ್ಡ ಟಿವಿ ಹಾಕಿಸಿದ್ದಳು. ಆಟ ಇದ್ದ ದಿನ ಬೀದಿಯವರು, ಗಿರಾಕಿಗಳು, ಪ್ಯಾಂಟು ಕೊಟ್ಟು ಕಾಯುವವರು ಎಲ್ಲ ಸೇರುತ್ತಿದ್ದರು. "ನಿಮ್ಮ ಮಗ ಯಾರು?" ಎಂದು ಯಾರಾದರೂ ಕೇಳಿದರೆ, "ಅಗೋ" ಎಂದು ಅವಳು ಕೈ ತೋರಿಸುವಷ್ಟರಲ್ಲಿ ಅಲ್ಲಿ ಇನ್ನೊಬ್ಬರ ಮಗ ಇರುತ್ತಿದ್ದ. ಅವಳ ತಮ್ಮ, ಅಂದರೆ ಅವನ ಸೋದರಮಾವ, ಕುರ್ಚಿ ಎಳೆದುಕೊಂಡು ಮುಂದೆಯೇ ಕೂರುತ್ತಿದ್ದ. ಇಂಥ ಸಮಯಕ್ಕೆಂದೇ ದೇವರು ಸೋದರಮಾವಂದಿರನ್ನು ಸೃಷ್ಟಿಸಿರುವುದು.

"ಅಕ್ಕಾ, ಹುಡುಗ ಅಲ್ಲಿ ನೀರಿನ ಬಾಟ್ಲಿ ಎತ್ತಿಡೋ ಕೆಲಸದಲ್ಲಿ ಇರಬಹುದಾ? ತಪ್ಪೇನಿಲ್ಲ ಬಿಡು, ಕೆಲಸ ಕೆಲಸವೇ" ಎಂದ ಅವನು, ತುಂಬಿದ ಅಂಗಡಿಯಲ್ಲಿ.

ಅಂದು ಅಮ್ಮ ಫೋನಿನಲ್ಲಿ ಬಯ್ಯಲಿಲ್ಲ. ಮೆತ್ತಗೆ ಕೇಳಿದಳು. "ಚೆಂಡು ಬಂದಾಗ ಸ್ವಲ್ಪ ಹೊತ್ತು ನಿನ್ನ ಹತ್ರಾನೇ ಇಟ್ಕೊಳ್ಳೋಕೆ ಆಗಲ್ವೇನೋ? ಕಾಲೇನು ಸುಡುತ್ತಾ? ಒಂದು ಮೂರು ಸೆಕೆಂಡು. ತೋರಿಸೋಕೆ ಅಷ್ಟು ಸಾಕು ನಂಗೆ."

ಬಯ್ದಿದ್ದರೆ ಅವನು ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಡುತ್ತಿದ್ದ. ಮೆತ್ತಗೆ ಕೇಳಿದ್ದು ಎದೆಯಲ್ಲಿ ಉಳಿಯಿತು.

ಮುಂದಿನ ಆಟದಲ್ಲಿ ಚೆಂಡು ಬಂದಾಗ ಅವನು ಕೊಡಲಿಲ್ಲ. ಒಂದು, ಎರಡು, ಮೂರು. ಅಂಗಾಲಿನಲ್ಲಿ ಚೆಂಡನ್ನು ಹಿಂದಕ್ಕೆಳೆದ, ಎದುರು ಬಂದವನ ಕಾಲ ಸಂದಿಯಲ್ಲಿ ನೂಕಿದ, ಒಂದು ಸುತ್ತು ತಿರುಗಿದ. ಜನ ಹೋ ಎಂದರು. ಅಂಚೆಯಣ್ಣ ಕಾಗದ ಕೊಡುವುದು ಬಿಟ್ಟು ಬಾಗಿಲಲ್ಲೇ ನಿಂತು ಓದಲು ಶುರುಮಾಡಿದ್ದ, ಮತ್ತು ಊರಿಗೆ ಅವನ ಓದು ಬಹಳ ಹಿಡಿಸಿತ್ತು.

"ಕಂಡೆ ಕಣೋ!" ಅಮ್ಮ ಫೋನಿನಲ್ಲಿ ಕೂಗಿದಳು. "ಮುಖ ಪೂರ್ತಿ ಕಾಣಿಸ್ತು! ನಿಮ್ಮ ಮಾವ ಉಸಿರೆತ್ತಲಿಲ್ಲ!"

ಆಮೇಲೆ ನಡೆದದ್ದೆಲ್ಲ ಬೇಗ ಬೇಗ ನಡೆಯಿತು. ಕ್ಲಬ್ಬಿನ ಪ್ರಚಾರದವರು ಅವನು ಸುತ್ತು ತಿರುಗುವ ತುಣುಕುಗಳನ್ನು ಹಾಡು ಸೇರಿಸಿ ಇಂಟರ್ನೆಟ್ಟಿನಲ್ಲಿ ಹರಿಯಬಿಟ್ಟರು. ಬೂಟಿನ ಕಂಪನಿಯೊಂದು ಅವನ ಫೋಟೋ ತೆಗೆದು ದೊಡ್ಡ ಕೂಡುರಸ್ತೆಯ ಜಾಹೀರಾತು ಫಲಕಕ್ಕೆ ಏರಿಸಿತು. ಅಮ್ಮ ಎರಡು ಬಸ್ಸು ಬದಲಿಸಿ ಹೋಗಿ ಅದರ ಕೆಳಗೆ ನಿಂತು, ಯಾರದೋ ಕೈಯಲ್ಲಿ ಫೋಟೋ ತೆಗೆಸಿ ಕಳಿಸಿದಳು. ಅವಳ ತಲೆ ಅವನ ಬೂಟಿನ ಲೇಸಿನವರೆಗೆ ಬರುತ್ತಿತ್ತು. ಸೋದರಮಾವ ಈಗ ಬೀದಿಯಲ್ಲಿ, ಚೆಂಡು ಹಿಡಿಯುವುದನ್ನು ಹುಡುಗನಿಗೆ ಹೇಳಿಕೊಟ್ಟವನು ತಾನೇ ಎನ್ನುತ್ತಿದ್ದ.

ಈ ಸಂಭ್ರಮದಲ್ಲಿ ತಂಡ ಎರಡು ಆಟ ಸೋತು ಮೂರನ್ನು ಸಮ ಮಾಡಿಕೊಂಡದ್ದು ಯಾರ ಗಮನಕ್ಕೂ ಬರಲಿಲ್ಲ. ಕೋಚ್ ಗಮನಕ್ಕೆ ಬಂದಿತ್ತು.

ಮೈದಾನದಲ್ಲಿ ಪ್ರೇಕ್ಷಕರು ಕೂರುವ ಮೆಟ್ಟಿಲು ಸಾಲಿನ ಕೆಳಗೆ ಒಂದು ಸಣ್ಣ ಕೋಣೆ. ಎರಡು ಪ್ಲಾಸ್ಟಿಕ್ ಕುರ್ಚಿ, ಗಾಳಿಗಿಂತ ಸದ್ದನ್ನೇ ಹೆಚ್ಚು ಕೊಡುವ ಫ್ಯಾನು, ಗೋಡೆಗೊಂದು ಪರದೆ. ಕೋಚ್ ಅವನನ್ನು ಕೂರಿಸಿ ಹಿಂದಿನ ಆಟದ ರೆಕಾರ್ಡಿಂಗ್ ಹಾಕಿದರು. ಇದು ಟಿವಿಯವರದಲ್ಲ. ಕ್ಲಬ್ಬಿನದೇ ಒಂದು ಕ್ಯಾಮೆರಾ ಚಾವಣಿಯ ಮೇಲೆ ಅಲ್ಲಾಡದೆ ಕೂತು, ಇಡೀ ಮೈದಾನವನ್ನು ಒಂದೇ ಚೌಕಟ್ಟಿನಲ್ಲಿ ಹಿಡಿಯುತ್ತಿತ್ತು. ಅದರಲ್ಲಿ ಯಾರ ಮುಖವೂ ಕಾಣದು. ಯಾರು ಎಲ್ಲಿದ್ದರು ಎಂಬುದು ಮಾತ್ರ ಕಾಣುತ್ತದೆ.

"ನಿನ್ನನ್ನ ನೋಡ್ಕೋಬೇಡ. ಇವನನ್ನ ನೋಡು" ಎಂದರು. ಮುಂದಿನ ಸಾಲಿನಲ್ಲಿ ಗೋಲು ಹೊಡೆಯುವವನು, ತಂಡದವರ ಬಾಯಲ್ಲಿ ಗೂಳಿ. ಚೆಂಡು ಅಂಚೆಯಣ್ಣನ ಕಾಲಿಗೆ ಬಂದಾಗಲೆಲ್ಲ ಗೂಳಿ ಖಾಲಿ ಜಾಗಕ್ಕೆ ನುಗ್ಗಿ ಕೈ ಎತ್ತುತ್ತಿದ್ದ. ಅಂಚೆಯಣ್ಣ ಸುತ್ತು ತಿರುಗುತ್ತಿದ್ದ. ಅಷ್ಟರಲ್ಲಿ ಎದುರು ತಂಡದ ಇಬ್ಬರು ಬಂದು ಆ ಜಾಗ ತುಂಬುತ್ತಿದ್ದರು. ಗೂಳಿಯ ಕೈ ಇಳಿಯುತ್ತಿತ್ತು.

"ಹತ್ತೊಂಬತ್ತು ಸಲ ಕೈ ಎತ್ತಿದ್ದಾನೆ. ಇಪ್ಪತ್ತನೇ ಸಲ ಎತ್ತಲಿಲ್ಲ."

ಅಂಚೆಯಣ್ಣನ ಮುಖ ಹುಳ್ಳಗಾಯಿತು. ತಾನು ಕುಣಿಯುತ್ತಿದ್ದಷ್ಟು ಹೊತ್ತೂ ಒಬ್ಬ ಮನುಷ್ಯ ಕೈ ಎತ್ತಿಕೊಂಡು ನಿಂತಿದ್ದ ಎಂಬುದು ಅವನಿಗೆ ಗೊತ್ತೇ ಇರಲಿಲ್ಲ.

"ಯಾರಿಗೋಸ್ಕರ ಇಟ್ಕೊಳ್ತಿದ್ದೀಯ ಚೆಂಡನ್ನ?"

"ಅಮ್ಮನಿಗೆ, ಸರ್. ಟಿವಿಯಲ್ಲಿ ಕಾಣಲ್ಲ ಅಂತಾರೆ. ಒಂದು ಆಟದಲ್ಲಿ ಗಡಿಯಾರ ನೋಡಿ ಲೆಕ್ಕ ಹಾಕಿದ್ರು, ನಲವತ್ತೊಂದೇ ಸೆಕೆಂಡು."

ಕೋಚ್ ನಗುತ್ತಾರೆ ಎಂದುಕೊಂಡ. ಅವರು ನಗಲಿಲ್ಲ. "ನಾನು ಹದಿನಾಲ್ಕು ವರ್ಷ ಆಡಿದೆ. ನಮ್ಮಮ್ಮ ಕೊನೇವರೆಗೂ ಅದು ವಾಲಿಬಾಲ್ ಅಂತಾನೇ ತಿಳ್ಕೊಂಡಿದ್ರು" ಎಂದು ರೆಕಾರ್ಡಿಂಗ್ ನಿಲ್ಲಿಸಿದರು. ಆಮೇಲೆ ಎದ್ದು, "ಶನಿವಾರ ನೀನು ಬೆಂಚು" ಎಂದರು.

ಶನಿವಾರದ್ದು ಕೊನೆಯ ಆಟ. ಗೆದ್ದರೆ ದೊಡ್ಡ ಲೀಗಿನಲ್ಲಿ ಉಳಿವು, ಇಲ್ಲದಿದ್ದರೆ ಕೆಳಗಿನ ದರ್ಜೆಗೆ ಗಂಟುಮೂಟೆ. ಕೂಡುರಸ್ತೆಯಲ್ಲಿ ಮೂವತ್ತಡಿ ಎತ್ತರ ನಿಂತಿರುವವನನ್ನು ಹೊರಗೆ ಕೂರಿಸಿದ್ದು ಟಿವಿಯವರಿಗೆ ಹಬ್ಬವಾಯಿತು. ಆಟ ಸ್ವಲ್ಪ ಸಪ್ಪೆಯಾದರೆ ಸಾಕು, ಕ್ಯಾಮೆರಾ ಬೆಂಚಿಗೆ ಬರುತ್ತಿತ್ತು. ಅವನು ನೀರು ಕುಡಿದದ್ದು, ಉಗುರು ಕಡಿದದ್ದು, ಅಂಗಿ ಕೊರಳು ಸರಿಮಾಡಿಕೊಂಡದ್ದು, ಎಲ್ಲವೂ ದೇಶಕ್ಕೆ ಕಂಡಿತು. ಇಡೀ ವರ್ಷ ಓಡಿ ಸಿಗದಿದ್ದದ್ದು ಕೂತಲ್ಲೇ ಸಿಕ್ಕಿತ್ತು.

ಎಂಬತ್ತನೇ ನಿಮಿಷಕ್ಕೆ ಇನ್ನೂ ಯಾರೂ ಗೋಲು ಹೊಡೆದಿರಲಿಲ್ಲ. ಕೋಚ್ ಅವನ ಕಡೆ ನೋಡದೆಯೇ "ಹೋಗು" ಎಂದರು.

ಎಂಬತ್ತೇಳನೇ ನಿಮಿಷಕ್ಕೆ ಚೆಂಡು ಅವನ ಕಡೆ ಬಂತು. ಬರುತ್ತಿರುವಾಗಲೇ ಅಂಗಡಿ ನೆನಪಾಯಿತು. ಟಿವಿ ಮುಂದೆ ಬೀದಿಗೆ ಬೀದಿಯೇ ಕೂತಿರುತ್ತದೆ, ಅಮ್ಮ ಮಿಷನ್ನಿನ ಮೇಲಿಂದ ಕೈ ತೋರಿಸಲು ಕಾದಿರುತ್ತಾಳೆ. ಮೂರೇ ಸೆಕೆಂಡು. ತಲೆಯೆತ್ತಿ ಗೂಳಿಯ ಕಡೆ ನೋಡಿದ. ಗೂಳಿ ಕೈ ಎತ್ತಿರಲಿಲ್ಲ. ಇವನಿಂದ ಚೆಂಡು ಬರುತ್ತದೆಂಬ ನಂಬಿಕೆಯನ್ನೇ ಬಿಟ್ಟು ಆರಾಮಾಗಿ ನಡೆಯುತ್ತಿದ್ದ. ಅವನ ಮುಂದೆ ಖಾಲಿ ಜಾಗ ಮಾತ್ರ ಇತ್ತು.

ಯಾರೂ ಕೇಳದಿದ್ದ ಆ ಜಾಗಕ್ಕೆ ಅಂಚೆಯಣ್ಣ ಒಂದೇ ಏಟಿಗೆ ಚೆಂಡು ಕಳಿಸಿದ.

ಗೂಳಿ ಬೆಚ್ಚಿಬಿದ್ದು ಓಡಿದ. ಬಲೆ ಅಲ್ಲಾಡಿತು. ಕ್ಯಾಮೆರಾ ಗೂಳಿಯ ಹಿಂದೆ ಮೂಲೆಯ ಬಾವುಟದವರೆಗೆ ಓಡಿತು. ಮತ್ತೆ ಮತ್ತೆ ತೋರಿಸಿದಾಗಲೂ ಕಥೆ ಗೂಳಿಯ ಕಾಲಿನಿಂದಲೇ ಶುರುವಾಗುತ್ತಿತ್ತು. ಆಟ ಮುಗಿದ ಮೇಲೆ ಗೂಳಿ ಹತ್ತಿರ ಬಂದು, "ಕಾಗದ ತುಂಬಾ ತಡವಾಯ್ತಲ್ಲ ಅಂಚೆಯಣ್ಣ" ಎಂದು ಅವನ ಕುತ್ತಿಗೆ ಹಿಡಿದು ಅಲ್ಲಾಡಿಸಿದ.

ಬಟ್ಟೆ ಬದಲಿಸುವ ಕೋಣೆಯಲ್ಲಿ ಫೋನು ಬಡಿದುಕೊಳ್ಳುತ್ತಿತ್ತು. "ಇವತ್ತು ಎಷ್ಟು ಚೆನ್ನಾಗಿ ಕಾಣಿಸಿದ್ಯೋ!" ಅಮ್ಮ ಉಬ್ಬಿಹೋಗಿದ್ದಳು. "ಹನ್ನೊಂದು ಸಲ! ನೀರು ಕುಡಿಯೋದೂ ಕಾಣಿಸ್ತು. ಕೊನೇಲಿ ಮಾತ್ರ ಯಾಕೋ ಪತ್ತೇನೇ ಇಲ್ಲ. ಬೇಗ ಮನೆಗೆ ಕಳಿಸಿಬಿಟ್ರಾ?"

"ಹೂಂ ಅಮ್ಮ. ಸ್ವಲ್ಪ ಕೆಲಸ ಇತ್ತು."

ಎರಡು ವರ್ಷದ ಹೊಸ ಕರಾರು ಬಂತು. ಕೋಚ್ ಬರೆದ ಒಳ್ಳೆಯ ಮಾತನ್ನು ಕ್ಲಬ್ಬಿನ ಮಾಲೀಕರು ಓದಿದಂತೆ ಕಾಣಲಿಲ್ಲ. ಕೈ ಕುಲುಕಿ, "ಬೆಂಚಿನ ಮೇಲೆ ಕೂತಾಗಲೂ ಜನ ನಿಮ್ಮನ್ನೇ ನೋಡ್ತಿದ್ರಂತೆ! ಮುಂದಿನ ವರ್ಷ ಚೆಂಡನ್ನ ಇನ್ನೂ ಸ್ವಲ್ಪ ಹೊತ್ತು ಇಟ್ಕೊಳ್ಳಿ, ಆಯ್ತಾ?" ಎಂದರು. ಕೋಚ್ ಚಾವಣಿ ನೋಡುತ್ತಿದ್ದರು. ಹೊರಗೆ ಬಂದ ಮೇಲೆ ಜೇಬಿನಿಂದ ಒಂದು ಪೆನ್‌ಡ್ರೈವ್ ತೆಗೆದು ಅವನ ಕೈಗಿಟ್ಟು, "ಇದು ಅಮ್ಮನಿಗೆ. ನಲವತ್ತೊಂದು ಸೆಕೆಂಡಿನ ಆಟ. ನಮ್ಮ ಕ್ಯಾಮೆರಾದ್ದು" ಎಂದರು.

ಮನೆಗೆ ಹೋದವನೇ ಅದನ್ನು ಅಂಗಡಿಯ ಟಿವಿಗೆ ಚುಚ್ಚಿದ. ಸೋದರಮಾವ ಐದು ನಿಮಿಷ ನೋಡಿ, "ಏನೋ ಇದು, ಇರುವೆ ಸಾಲು" ಎಂದು ಎದ್ದು ಹೋದ. ಅಮ್ಮ ಕನ್ನಡಕ ಏರಿಸಿಕೊಂಡು ಪರದೆಗೆ ಮೂಗು ತಾಗುವಷ್ಟು ಹತ್ತಿರ ನಿಂತಳು. ಹಸಿರು ಹಾಸಿನ ಮೇಲೆ ಇಪ್ಪತ್ತೆರಡು ಚುಕ್ಕೆಗಳು. ಮುಖವಿಲ್ಲ, ಅಂಗಿಯ ನಂಬರೂ ಕಾಣದು. ತೋರಿಸಿಕೊಡಬಾರದು ಎಂದು ಅವನು ಬಾಯಿ ಬಿಗಿಹಿಡಿದು ಹಿಂದೆ ಕೂತ. ಇಷ್ಟು ಹೆದರಿಕೆ ಅವನಿಗೆ ಎಂಬತ್ತೇಳನೇ ನಿಮಿಷದಲ್ಲೂ ಆಗಿರಲಿಲ್ಲ. ಹೆತ್ತವಳಿಗೂ ಗುರುತು ಸಿಗದಿದ್ದರೆ?

ಅಮ್ಮ ಒಂದು ನಿಮಿಷ ನೋಡಿದಳು. ಎರಡು ನಿಮಿಷ ನೋಡಿದಳು. ಆಮೇಲೆ ಪರದೆ ಮೇಲೆ ಒಂದು ಚುಕ್ಕೆಗೆ ಬೆರಳಿಟ್ಟಳು.

"ಎಡಗೈ ಮೇಲೆ ಯಾರ ಬಟ್ಟೆನೋ ಅದು?" ಎಂದಳು.

ಅವನು ಕುರ್ಚಿ ಎಳೆದುಕೊಂಡು ಅಮ್ಮನ ಪಕ್ಕಕ್ಕೆ ಬಂದ.

ಅಮ್ಮ ಬೆರಳು ತೆಗೆಯಲಿಲ್ಲ. ಚುಕ್ಕೆ ಓಡಿದಲ್ಲೆಲ್ಲ ಅದೂ ಓಡಿತು. ಅಳತೆ ಗುರುತು ಹಾಕುವ ಸೀಮೆಸುಣ್ಣದ ಪುಡಿ ಬೆರಳಿನಲ್ಲಿದ್ದುದರಿಂದ ಪರದೆಯ ಮೇಲೆಲ್ಲ ಬಿಳಿ ಗೆರೆ ಬಿತ್ತು. "ಅಲ್ಲಿ ಯಾಕೆ ಹೋದೆ? ಓ, ಅವನಿಗೆ ದಾರಿ ಬಿಡೋಕೆ. ಇಲ್ಲಿ ಯಾರೂ ಇಲ್ಲ ಅಂತ ನಿಂತ್ಯಾ? ಸರಿ, ಸರಿ. ಬಂತಾ? ಕೊಟ್ಯಾ? ಹಾಂ." ಅರ್ಧ ಆಟ ಕಳೆಯುವ ಹೊತ್ತಿಗೆ ಚೆಂಡು ಬರುವ ಮೊದಲೇ ಅವಳ ಬೆರಳು ಅಲ್ಲಿಗೆ ಹೋಗಿ ಕಾಯುತ್ತಿತ್ತು. ಗೋಡೆ ಗಡಿಯಾರದ ಕಡೆ ಒಮ್ಮೆಯೂ ನೋಡಲಿಲ್ಲ.

ಬಾಗಿಲಲ್ಲಿ ಒಬ್ಬ ಗಿರಾಕಿ ಬಂದು ನಿಂತ. ಅವನ ಪ್ಯಾಂಟು ಹೊಲಿದು, ಇಸ್ತ್ರಿಯಾಗಿ, ಮೇಜಿನ ಮೇಲೆ ಮಡಿಸಿಟ್ಟು ಸಿದ್ಧವಾಗಿತ್ತು. ಅವನು ಕೆಮ್ಮಿದ.

ಅಮ್ಮ ತಿರುಗಿ ನೋಡಲಿಲ್ಲ. "ಇನ್ನೂ ಅರ್ಧ ಗಂಟೆ ಆಟ ಇದೆ. ಪ್ಯಾಂಟು ಎಲ್ಲೂ ಓಡಿಹೋಗಲ್ಲ, ಆಮೇಲೆ ಬನ್ನಿ" ಎಂದಳು.