ನೆನೆಸಿಟ್ಟ ಟೈಲ್ಸು

"ಶಾಲೆ ಬಿಟ್ಟವನ ತಲೆ ಹೇಗಿರುತ್ತೋ ಅವನು ಅಂಟಿಸಿದ ಗೋಡೆನೂ ಹಾಗೇ ಇರುತ್ತೆ. ತಟ್ಟಿ ನೋಡಿ, ಒಳಗೆ ಏನೂ ಇಲ್ಲ."

ಹೀಗೆಂದು ಪಕ್ ಹರ್ಸೊಯೊ ಬೆರಳಿನ ದಪ್ಪ ಅಕೀಕು ಕಲ್ಲಿನ ಉಂಗುರದಿಂದ ಬಚ್ಚಲುಗೋಡೆಯ ಟೈಲ್ಸನ್ನು ಒಂದೊಂದಾಗಿ ಕುಟ್ಟುತ್ತ ಹೋದರು. ಕೆಲವು ಟಕ್ ಎಂದವು. ಹೆಚ್ಚಿನವು ಖಾಲಿ ಡಬ್ಬದ ಹಾಗೆ ಡೊಬ್ ಎಂದವು. ಬಾಗಿಲಲ್ಲಿ ಅವರ ತಂಗಿ, ಮನೆಯೊಡತಿ ಬು ರೆತ್ನಾನಿ ನಿಂತಿದ್ದರು; ಜಾವಾದಲ್ಲಿ ಹಿರಿಯರನ್ನು ಪಕ್, ಬು ಎಂದೇ ಕರೆಯುವುದು. ಅವರ ಬೆನ್ನಿಗೆ ಓಣಿಯ ಹೆಂಗಸರು, ತೆಂಗಿನ ತುರಿಯ ಬೋಗುಣಿ ಕೈಯಲ್ಲಿದ್ದಂತೆಯೇ ಇಣುಕುತ್ತಿದ್ದರು. ಒಬ್ಬಳು ಕಿಸಕ್ಕನೆ ನಕ್ಕಳು. ಎಲ್ಲರಿಗಿಂತ ಹಿಂದೆ ಚಹದ ಲೋಟ ಹಿಡಿದು ನಿಂತವನು ಮೇಸ್ತ್ರಿ ಮಾರ್ವೊತೊ, ತೆಜೊನ ಚಿಕ್ಕಪ್ಪ.

ಆ ಟೈಲ್ಸ್ ಅಂಟಿಸಿದ ಹುಡುಗ ತೆಜೊ ಗೋಡೆಯ ಬುಡದಲ್ಲಿ ಕುಕ್ಕರುಗಾಲಲ್ಲಿ ಕೂತಿದ್ದ. ಕಿವಿ ಕಾದ ಕಬ್ಬಿಣವಾಗಿತ್ತು. ಅವನು ಪಕ್ ಹರ್ಸೊಯೊರನ್ನು ನೋಡಲಿಲ್ಲ. ಚಿಕ್ಕಪ್ಪನನ್ನು ನೋಡಿದ. ಈಗ ಹೇಳ್ತಾನೆ, ಈಗ ಬಾಯಿ ಬಿಡ್ತಾನೆ ಎಂದು ಕಾದ. ಮಾರ್ವೊತೊ ಲೋಟದೊಳಗೆ ಊದಿ ಒಂದು ಗುಟುಕು ಕುಡಿದ.

ನಿನ್ನೆ ಬೆಳಿಗ್ಗೆ ಇದೇ ಬಾಗಿಲಲ್ಲಿ ನಿಂತು ಇದೇ ಹೆಂಗಸರಿಗೆ ಕೇಳುವಂತೆ ಮಾರ್ವೊತೊ ಹೇಳಿದ್ದ: ಈ ಗೋಡೆ ಪೂರ್ತಿ ನಮ್ಮ ತೆಜೊಂದು, ಇದು ಮುಗಿದರೆ ಅವನನ್ನು ಯಾರೂ ಕೈಯಾಳು ಅನ್ನಬಾರದು, ಮೇಸ್ತ್ರಿ ಅನ್ನಬೇಕು. ತನ್ನ ಸ್ವಂತ ಕರಣೆಯನ್ನೂ ಕೊಟ್ಟಿದ್ದ, ಹಿಡಿ ಸವೆದು ಎಮ್ಮೆಕೊಂಬಿನ ಹಾಗೆ ಹೊಳೆಯುವ ಕರಣೆ. ಗಾರೆ ಕಲಸಿ, ಬಾಣಲಿ ಹೊತ್ತು, ಬೈಸಿಕೊಂಡು ಬೆಳೆದ ತೆಜೊಗೆ ಆ ಮಾತಿಗಿಂತ ದೊಡ್ಡದು ಬೇರೆ ಬೇಕಿರಲಿಲ್ಲ.

ಆದರೆ ಕರಣೆ ಹಿಡಿದು ಕೆಲಸಕ್ಕಿಳಿದರೆ ಟೈಲ್ಸೆಲ್ಲ ಅಂಗಳದ ನೀರಿನ ತೊಟ್ಟಿಯೊಳಗಿದ್ದವು. ರಾತ್ರಿಯೇ ಚಿಕ್ಕಪ್ಪ ನೆನೆಸಿಟ್ಟಿದ್ದ. ಜಾವಾದ ಹಳೇ ಮೇಸ್ತ್ರಿಗಳ ಕೈ ಹಾಗೇ ಹೋಗುತ್ತದೆ. ಸಿಮೆಂಟ್ ಗಾರೆಯ ಕಾಲದಲ್ಲಿ ನೆನೆಸದಿದ್ದರೆ ಟೈಲು ಗಾರೆಯ ನೀರನ್ನೆಲ್ಲ ಹೀರಿ ಉದುರುತ್ತಿತ್ತು. ಈಗ ತಂದದ್ದು ಚೀಲದಲ್ಲಿ ಬರುವ ಟೈಲ್ಸಿನ ಅಂಟು. ಅದಕ್ಕೆ ಒಣಗಿದ ಬೆನ್ನು ಬೇಕು, ಒದ್ದೆಯಾದರೆ ಹಿಡಿಯುವುದಿಲ್ಲ ಎಂದು ಅಂಗಡಿಯವನು ಇಬ್ಬರಿಗೂ ಹೇಳಿ ಕಳಿಸಿದ್ದ. ತೆಜೊ ಮೆಲ್ಲಗೆ ಅದನ್ನೇ ನೆನಪಿಸಿದ. "ನೀನು ಹುಟ್ಟೋಕೆ ಮುಂಚೆಯಿಂದ ನೆನೆಸ್ತಿದೀನಿ, ಅಂಟಿಸು" ಎಂದ ಚಿಕ್ಕಪ್ಪ. ಹೊರಗೆ ಜನ. ಹಿರಿಯನ ಮಾತನ್ನು ಜನರೆದುರು ಮುರಿಯುವ ರೂಢಿ ಈ ಕಡೆ ಇಲ್ಲ. ತೆಜೊ ಅಂಟಿಸಿದ.

ಪಕ್ ಹರ್ಸೊಯೊ ಬಸ್ಸುಗಳ ಮಾಲೀಕರು, ಅವರ ಮಾತೆಲ್ಲ ಹಾರ್ನ್ ಹೊಡೆದ ಹಾಗೆ. ಸೋಲೊ ನಗರದಿಂದ ತಮ್ಮ ಕೆಲಸದವರನ್ನು ಕರೆಸುತ್ತೇನೆ, ಇದನ್ನೆಲ್ಲ ಒಡೆದು ಹಾಕಿ ಬಿಳಿ ಟೈಲ್ಸ್ ಕೂರಿಸಲಿ ಎಂದು ಫೋನ್ ತೆಗೆದರು.

"ಒಡೀಬೇಡಿ," ಎಂದರು ಬು ರೆತ್ನಾನಿ. ಅಷ್ಟೇ ಅಂದದ್ದು. ಹೆಂಗಸರ ಗುಸುಗುಸು ನಿಂತಿತು.

ಆ ಟೈಲ್ಸಿಗೆ ನೀಲಿ ಬಣ್ಣದಲ್ಲಿ ನಾಲ್ಕೆಸಳಿನ ಕಾವುಂಗ್ ಚಿತ್ತಾರ ಬರೆದವರು ಅವರ ಗಂಡ ಪಕ್ ಸುದಿರೊ. ಬಾಯತ್ ಊರಿನ ಕುಂಬಾರ ಭಟ್ಟಿಯಲ್ಲಿ ಜೀವಮಾನವೆಲ್ಲ ಮಡಕೆಗೆ ಚಿತ್ರ ಬರೆದ ಮನುಷ್ಯ. ಲಕ್ವ ಹೊಡೆಯುವ ಮುಂಚೆ ಮನೆಗೆಂದು ಬರೆದ ಕೊನೆಯ ಕೆಲಸ ಅದು. ಈಗ ಬಲಗೈ ಏಳುವುದಿಲ್ಲ, ನಾಲಿಗೆ ಹೊರಳುವುದಿಲ್ಲ. ಬಚ್ಚಲೊಳಗಿನ ತೊಟ್ಟಿಗೆ ಬಗ್ಗಿ ಚೊಂಬಿನಲ್ಲಿ ನೀರು ಹೊಯ್ದುಕೊಳ್ಳಲಾರರು ಎಂದೇ ಅದನ್ನು ಒಡೆಸಿ ಶವರ್ ಹಾಕಿಸುತ್ತಿದ್ದದ್ದು. ಮುಂದಿನ ಪೊನ್ ಬುಧವಾರ, ಜಾವಾ ಪಂಚಾಂಗದಲ್ಲಿ ಮೂವತ್ತೈದು ದಿನಕ್ಕೊಮ್ಮೆ ಬರುವ ಅವರು ಹುಟ್ಟಿದ ವಾರ. ಅಂದು ಅವರಿಗೆ ಮೊದಲ ಸ್ನಾನ, ಓಣಿಗೆಲ್ಲ ಊಟ.

"ನಾನು ಬಿಡಿಸ್ತೀನಿ ಬು," ಎಂದ ತೆಜೊ. "ಒಂದೂ ಒಡೆಯಲ್ಲ."

ಪಕ್ ಹರ್ಸೊಯೊ ಫೋನ್ ಜೇಬಿಗಿಟ್ಟರು. "ಒಂದು ಒಡೆದರೂ ಕರಣೆ ಹಿಡ್ಕೊಂಡು ಈ ಊರಲ್ಲಿ ಯಾವ ಮನೆಗೂ ಕಾಲಿಡಬೇಡ. ನಾನು ಇಡಗೊಡಲ್ಲ."

ಎಲ್ಲರೂ ಹೋದ ಮೇಲೆ ಮಾರ್ವೊತೊ ಒಳಗೆ ಬಂದ.

"ಹೇಳಿಬಿಡಿ ಚಿಕ್ಕಪ್ಪ," ಎಂದ ತೆಜೊ, ಗೋಡೆಯ ಕಡೆಯೇ ಮುಖ ಮಾಡಿ. "ನೆನೆಸಿದ್ದು ನೀವು ಅಂತ ಒಂದು ಮಾತು ಹೇಳಿ."

"ನನ್ನ ಹೆಸರಿನ ಮೇಲೆ ಎಷ್ಟು ಮನೆ ಒಲೆ ಉರಿತಿದೆ ಗೊತ್ತಾ? ನಿಂಗಿನ್ನೂ ವಯಸ್ಸಿದೆ ಮಗಾ. ಬೈಗುಳ ತಿಂದ್ರೆ ಸಾಯಲ್ಲ."

ತೆಜೊ ಕಬ್ಬಿಣ ಕೊಯ್ಯುವ ಆಕ್ಸಾ ಬ್ಲೇಡಿಗೆ ಬಟ್ಟೆ ಸುತ್ತಿಕೊಂಡ. ಚಿಕ್ಕಪ್ಪ ಇನ್ನೊಂದು ಮಾತಾಡಿದ್ದರೆ ಆ ಬ್ಲೇಡು ಎಲ್ಲಿಗೆ ಹೋಗುತ್ತಿತ್ತೋ.

ಅಂಟು ಇನ್ನೂ ಕಲ್ಲಾಗಿರಲಿಲ್ಲ, ಅದೊಂದೇ ಪುಣ್ಯ. ಸಂದಿನಲ್ಲಿ ಬ್ಲೇಡು ತೂರಿಸಿ ಮೇಲಿನಿಂದ ಕೆಳಕ್ಕೆ ಕೊಯ್ಯಬೇಕು, ಎಡ ಅಂಗೈಯಿಂದ ಟೈಲನ್ನು ತಡೆದು ಹಿಡಿದಿರಬೇಕು. ಪೊಳ್ಳಿದ್ದವು ಸುಲಭವಾಗಿ ಬಂದವು. ಅಂಟೆಲ್ಲ ಗೋಡೆಯ ಮೇಲೇ ಗೆರೆಗೆರೆಯಾಗಿ ಉಳಿದಿತ್ತು, ಟೈಲಿನ ಬೆನ್ನು ತೊಳೆದ ತಟ್ಟೆಯ ಹಾಗೆ ನುಣ್ಣಗಿತ್ತು. ನೋಡಿದವರಿಗೆ ತಪ್ಪು ನೆನೆಸಿದ್ದರದ್ದೆಂದು ಗೊತ್ತಾಗುತ್ತಿತ್ತು, ಆದರೆ ನೋಡಲು ಯಾರಿದ್ದರು? ಪಕ್ ಸುದಿರೊ ಒಬ್ಬರೇ. ಹೆಂಡತಿ ಅವರ ಗಾಲಿಕುರ್ಚಿಯನ್ನು ಬಚ್ಚಲ ಬಾಗಿಲಿಗೆ ತಂದಿಟ್ಟು ಹೋಗಿದ್ದರು. ಒಂದೊಂದು ಟೈಲು ಕೈಗೆ ಬಂದಾಗಲೂ ಮುದುಕರ ಉಸಿರು ಒಮ್ಮೆ ಹೊರಗೆ ಬೀಳುತ್ತಿತ್ತು.

ಕಷ್ಟ ಕೊಟ್ಟದ್ದು ನಲ್ಲಿಯ ಪಕ್ಕದ್ದು. ಅರ್ಧ ಪೊಳ್ಳು, ಅರ್ಧ ಗಟ್ಟಿ. ಬ್ಲೇಡು ನಡುವಿಗೆ ಬಂದು ಕಚ್ಚಿಕೊಂಡಿತು. ಎಳೆದರೆ ಬರದು, ನೂಕಿದರೆ ಹೋಗದು. ತೆಜೊನ ಬೆವರು ಕಣ್ಣಿಗಿಳಿಯಿತು, ಒರೆಸಿಕೊಳ್ಳಲು ಮೂರನೇ ಕೈಯಿಲ್ಲ. ಕಿರ್ ಎಂದು ಎಲ್ಲೋ ಸದ್ದಾಯಿತು. ಅವನು ಕಲ್ಲಾಗಿ ನಿಂತ. ಹಿಂದೆ ಕುರ್ಚಿಯಲ್ಲಿಯೂ ಉಸಿರಿಲ್ಲ. ಬಾಗಿಲಾಚೆಯಿಂದ ಚಿಕ್ಕಪ್ಪನ ದನಿ ಮಾತ್ರ ಬಂತು, "ಸ್ವಲ್ಪ ನೀರು ಚಿಮುಕಿಸು, ತಾನೇ ಬಿಡುತ್ತೆ."

ಮತ್ತೆ ನೀರು! ತೆಜೊ ಕಿವಿಗೊಡಲಿಲ್ಲ. ಬ್ಲೇಡನ್ನು ಅಲ್ಲೇ ಬಿಟ್ಟು, ಮಟ್ಟ ನೋಡಲು ಕಟ್ಟುವ ಮೀನುಗಾಳದ ದಾರವನ್ನು ಕೆಳಗಿನ ಸಂದಿನಿಂದ ತೂರಿಸಿ, ಎರಡೂ ತುದಿ ಬೆರಳಿಗೆ ಸುತ್ತಿಕೊಂಡು ಹಿಂದೆ ಮುಂದೆ ಎಳೆಯುತ್ತ ಮೇಲಕ್ಕೆ ಬಂದ. ದಾರ ಬೆರಳು ಕೊಯ್ದಿತು. ಟೈಲು ಅವನ ಎದೆಯ ಮೇಲೆ ಒರಗಿತು. ತಿರುಗಿಸಿ ನೋಡಿದ. ಮೂಲೆಯಲ್ಲಿ ಅಕ್ಕಿಕಾಳಿನಷ್ಟು ಹೊಳಪಿನ ಚಕ್ಕೆ ಹಾರಿತ್ತು. ಅಷ್ಟೇ. ಅದನ್ನು ಪಕ್ ಸುದಿರೊಗೆ ತೋರಿಸಿದ, ಬಚ್ಚಿಡಲಿಲ್ಲ. ಅವರು ಎಡಗೈಯ ಹೆಬ್ಬೆರಳಿಂದ ಆ ಮೂಲೆಯನ್ನು ಸವರಿ, ಪರವಾಗಿಲ್ಲ ಎನ್ನುವಂತೆ ಕಣ್ಣು ಮುಚ್ಚಿ ತೆರೆದರು.

ಟೈಲ್ಸನ್ನು ಅಂಗಳದ ಬಿಸಿಲಿಗೆ ಸಾಲಾಗಿ ಒರಗಿಸಿಟ್ಟ. ಸುಡುವಷ್ಟು ಒಣಗಿದ ಮೇಲೆ ನೆರಳಿಗೆ ತಂದು ಆರಿಸಿದ. ಗೋಡೆಯ ಹಳೇ ಅಂಟನ್ನೆಲ್ಲ ಕೆರೆದು, ಗೋಡೆಗೂ ಟೈಲಿನ ಬೆನ್ನಿಗೂ ಹೊಸತು ಬಳಿದು, ಒತ್ತಿ, ರಸಮಟ್ಟ ಹಿಡಿದು ಕೂರಿಸಿದ. ಅದು ಗಟ್ಟಿಯಾದ ಮೇಲೆ ಸಂದಿಗೆ ಬೂದುಬಣ್ಣದ ಗ್ರೌಟು. ಗಂಜಿಗಿಂತ ಗಟ್ಟಿಯಾಗಿ ಕಲಸಿ, ರಬ್ಬರು ಹಲಗೆಯಿಂದ ಓರೆಯಾಗಿ ಎಳೆದು ತುಂಬಿ, ಹಿಂಡಿ ಹಿಂಡಿ ಒಣಗಿಸಿದಂಥ ಸ್ಪಂಜಿನಿಂದ ಒರೆಸಿದ. ಮಾರ್ವೊತೊ ಹಜಾರದಲ್ಲಿ ಕೂತು ಹುರಿದ ತೆಂಪೆಯ ಸೋಯಾ ಬಿಲ್ಲೆಯನ್ನು ಹಸಿಮೆಣಸಿನ ಜೊತೆ ಕಡಿಯುತ್ತಿದ್ದ. ಸಂಜೆ ಎದ್ದು ಬಂದು ಒಂದು ಮೂಲೆಯನ್ನು ಬೆರಳಿಂದ ಸವರಿ, "ಪರವಾಗಿಲ್ಲ" ಎಂದು ಹೋದ.

ಪೊನ್ ಬುಧವಾರ ಬಚ್ಚಲ ಬಾಗಿಲಲ್ಲಿ ಮತ್ತೆ ಅದೇ ಜನ. ಪಕ್ ಹರ್ಸೊಯೊ ಉಂಗುರ ತಿರುಗಿಸಿಕೊಂಡು ಕುಟ್ಟಿದರು. ಟಕ್. ಕೆಳಗೆ ಬಗ್ಗಿ ಕುಟ್ಟಿದರು, ನಲ್ಲಿಯ ಪಕ್ಕ ಕುಟ್ಟಿದರು. ಟಕ್, ಟಕ್. ನೀಲಿ ಕಾವುಂಗ್ ಗೋಡೆ ತುಂಬ ಒಂದಕ್ಕೊಂದು ಕೂಡಿಕೊಂಡಿತ್ತು. ತೆಜೊ ಕಾದ. ಚಿಕ್ಕಪ್ಪ ಈಗ ಹೇಳಲೇಬೇಕಲ್ಲ.

"ನೋಡಿದಿರಾ," ಎಂದರು ಪಕ್ ಹರ್ಸೊಯೊ, ಹೆಂಗಸರ ಕಡೆ ತಿರುಗಿ. "ಮಾರ್ವೊತೊ ಕೈ ಬಿದ್ದರೆ ಗೋಡೆ ಹೀಗಿರುತ್ತೆ. ಮೊದಲೇ ನೀನೇ ಮಾಡಬಾರದಿತ್ತೇನಯ್ಯ? ಹುಡುಗರ ಕೈಗೆ ಯಾಕೆ ಕೊಟ್ಟೆ?"

ಎಲ್ಲರೂ ಮಾರ್ವೊತೊನನ್ನು ನೋಡಿದರು. ತೆಜೊನೂ ನೋಡಿದ. ಚಿಕ್ಕಪ್ಪ ನಕ್ಕ.

"ಕಲಿಯೋ ಹುಡುಗರು ಪಕ್. ತಿದ್ದಬೇಕಲ್ವಾ."

ಕುರ್ಚಿಯಲ್ಲಿದ್ದ ಪಕ್ ಸುದಿರೊ ಗೊರಗೊರ ಸದ್ದು ಮಾಡಿದರು. ಎಡಗೈ ಎದ್ದು ತೆಜೊನ ಕಡೆ ಚಾಚಿತು. ಬಾಯಿ ಏನನ್ನೋ ಹೇಳಲು ಹೆಣಗಿತು. "ಅಯ್ಯೋ, ಸ್ನಾನಕ್ಕೆ ಅವಸರ ಇವರಿಗೆ," ಎಂದು ಬು ರೆತ್ನಾನಿ ಕುರ್ಚಿಯನ್ನು ಶವರಿನ ಕೆಳಗೆ ದಬ್ಬಿದರು. ಹೆಂಗಸರು ನಕ್ಕು ಹಿಂದೆ ಸರಿದರು. ಬಾಗಿಲು ಮುಚ್ಚಿತು. ಒಳಗೆ ಗೋಡೆಯ ಮೇಲೆ ನೀರು ಬಿದ್ದ ಸದ್ದು.

ಅಂಗಳದಲ್ಲಿ ತೆಜೊ ಬಾಣಲಿ ತೊಳೆಯುತ್ತಿದ್ದಾಗ ಮಾರ್ವೊತೊ ಹತ್ತಿರ ಬಂದು ಭುಜದ ಮೇಲೆ ಕೈಯಿಟ್ಟ. ಸೋಮವಾರ ಹಾಜಿಯವರ ಮನೆಯಲ್ಲಿ ಎರಡು ಬಚ್ಚಲು ಇವೆ, ಅಲ್ಲಿ ಎಲ್ಲರೆದುರು ನಿನ್ನ ಹೆಸರೇ ಹೇಳುತ್ತೇನೆ ಎಂದ.

"ಬರ್ತೀಯಲ್ಲ ಮಗಾ?"

ತೆಜೊ ಭುಜ ಕೊಡವಲಿಲ್ಲ. ಕರಣೆಯ ಸಂದಿಯಲ್ಲಿ ಒಣಗಿದ್ದ ಗ್ರೌಟನ್ನು ಉಗುರಿನಿಂದ ಕೆರೆದ. ಅದನ್ನು ಒರೆಸಿ, ಹಿಡಿ ಚಿಕ್ಕಪ್ಪನ ಕಡೆ ಬರುವಂತೆ ತಿರುಗಿಸಿ, ನೀರು ತುಂಬಿದ್ದ ತೊಟ್ಟಿಯ ಅಂಚಿನಲ್ಲಿ ಇಟ್ಟ. ಗೇಟಿನ ಬಳಿ ಊಟಕ್ಕೆ ಚಾಪೆ ಹಾಸುತ್ತಿದ್ದವರು ದಾರಿ ಬಿಟ್ಟರು.

"ತೆಜೊ, ನಿನ್ನನ್ನೇ ಕೇಳಿದ್ದು," ಎಂದ ಮಾರ್ವೊತೊ ಹಿಂದಿನಿಂದ.

ತೆಜೊ ಚಪ್ಪಲಿ ಮೆಟ್ಟಿಕೊಂಡು ಓಣಿಗಿಳಿದ.