ಜೊಂಡು ಕಟ್ಟಿದ ದಿನ

ಆ ದಿನ ಊರಿನ ಹಿರಿಯ ಪಕಿಪಾಕ್ ಅಜ್ಜನಿಗೆ ಬೈದಷ್ಟು ನಾನು ನನ್ನ ಗಂಡನಿಗೂ ಬೈದವಳಲ್ಲ. ಹಿಂದಿನ ಸಂಜೆ ಮೇಲಿನ ಗದ್ದೆಯ ಕಲ್ಲುಗೋಡೆ ಎರಡಾಳುದ್ದ ಜರಿದು ಬಿದ್ದಿತ್ತು. ಮುದುಕರೆಲ್ಲ ಕಟ್ಟೆಯ ಮೇಲೆ ಬೆಂಕಿ ಹಾಕಿಕೊಂಡು ಕೂತು ಮಾತಾಡಿದರು. ಬೆಳಗಾಗುತ್ತಲೇ "ಇವತ್ತು ತೆಂಗಾವ್!" ಎಂದು ಅಜ್ಜನ ಕೂಗು ಕೇಳಿತು. ಹೀಗೆ ಅಪಶಕುನವಾದಾಗ ಇಡೀ ಊರು ಕೆಲಸ ಬಿಟ್ಟು ಕೂರುವ ದಿನ ತೆಂಗಾವ್; ಅದು ಅಂದಮೇಲೆ ಮುಗಿಯಿತು. ಗುದ್ದಲಿ ಮುಟ್ಟುವ ಹಾಗಿಲ್ಲ, ಸೂರ್ಯ ಮುಳುಗುವ ತನಕ ಒಳಗಿನವರು ಹೊರಗೆ ಹೋಗುವ ಹಾಗಿಲ್ಲ, ಹೊರಗಿನವರು ಒಳಗೆ ಬರುವ ಹಾಗಿಲ್ಲ. ತುದಿಗೆ ಗಂಟು ಹಾಕಿದ ಎರಡು ಜೊಂಡನ್ನು ದಾರಿಗೆ ಅಡ್ಡ ನೆಟ್ಟುಬಿಡುತ್ತಾರೆ. ಅದೇ ಬೇಲಿ, ಅದೇ ಬಾಗಿಲು.

ಅದೇ ದಿನ ನನ್ನ ಮಗಳು ಜೋವಿತಾ ಬಾಗಿಯೊ ಪಟ್ಟಣದಿಂದ ಕೂಸನ್ನು ಕಟ್ಟಿಕೊಂಡು ಬರುವವಳಿದ್ದಳು. ನನ್ನ ಮೊದಲ ಮೊಮ್ಮಗಳು. ಹುಟ್ಟಿ ಎರಡು ತಿಂಗಳಾಗಿತ್ತು, ಪೇಟೆಗೆ ಹೋದಾಗ ಫೋನಿನಲ್ಲಿ ನೋಡಿದ್ದಷ್ಟೇ.

"ಅಲ್ಲಜ್ಜಾ, ವರ್ಷದಲ್ಲಿ ಇನ್ನೊಂದ್ ದಿನ ಸಿಗ್ಲಿಲ್ವಾ ನಿಂಗೆ?" ಎಂದೆ. "ಆ ಗೋಡೆ ನಾಳೆ ಬಿದ್ದಿದ್ರೆ ಏನಾಗ್ತಿತ್ತು?"

"ಗೋಡೆನೇ ಕೇಳು ಹೋಗು," ಎಂದ ಅಜ್ಜ. "ನಿನ್ನ ಬಾಯಿಗೆ ಹೆದರ್ಕೊಂಡೇ ಬಿತ್ತೋ ಏನೋ."

"ಕಚೇರಿಯವನೂ ಇವತ್ತೇ ಬರ್ತಾನೆ, ಅದಾದ್ರೂ ನೆನಪಿದ್ಯಾ?"

"ನೆನಪಿಲ್ದೆ ಏನು? ಬರೋರಿದಾರೆ ಅಂತ ತೆಂಗಾವ್ ಬಿಟ್ರೆ ಅದ್ಯಾವ ತೆಂಗಾವ್, ಲಯೋಗನ್?"

ನಾನು ಗೊಣಗುತ್ತಲೇ ಮನೆಯ ಕಡೆ ತಿರುಗಿದೆ.

ಕಚೇರಿಯವನ ವಿಷಯ ಹೇಳಿಬಿಡುತ್ತೇನೆ. ಒಂದು ಕಂಪನಿ ನಮ್ಮ ಹೊಳೆಗೆ ಅಡ್ಡಗಟ್ಟೆ ಹಾಕಿ ಕರೆಂಟು ಮಾಡಬೇಕೆಂದು ಬೆನ್ನು ಹತ್ತಿತ್ತು. ನಮ್ಮ ಮುದುಕರು ಕೂತು ಮಾತಾಡಿ, ಆಗುವುದಿಲ್ಲ ಎಂದರು. ಬುಡಕಟ್ಟಿನ ನೆಲದ ಮಾತನ್ನು ಬುಡಕಟ್ಟಿನ ಕಟ್ಟಳೆಯ ಪ್ರಕಾರವೇ ತೀರ್ಮಾನಿಸಬೇಕು ಎಂದು ದೇಶದ ಕಾನೂನೇ ಹೇಳುತ್ತದೆ. ಆದರೆ ಕಂಪನಿ ಒಂದು ವರದಿ ಬರೆದುಕೊಟ್ಟಿತ್ತು: ಬಲ್ಲಯಾನ್ ಊರಲ್ಲಿ ಕಟ್ಟಳೆ ಎಂಬುದೇ ಉಳಿದಿಲ್ಲ, ಮುದುಕರ ಮಾತು ಯಾರೂ ಕೇಳುವುದಿಲ್ಲ, ಆದ್ದರಿಂದ ನಾವು ಪೇಟೆಯಲ್ಲಿ ಸೇರಿಸಿದ ಸಹಿಗಳೇ ಸಾಕು ಎಂದು. ಓದಿ ಹೇಳಿದಾಗ ನನ್ನ ಮೈಯೆಲ್ಲ ಉರಿದುಹೋಯಿತು. ಅದು ನಿಜವೋ ಸುಳ್ಳೋ ನೋಡಿ ಬರೆಯಲು ಸರ್ಕಾರಿ ಕಚೇರಿಯವನು ಬರುತ್ತಿದ್ದ. ಅವನು ನಿಜ ಎಂದು ಬರೆದರೆ ಹೊಳೆ ಹೋಯಿತು, ಹೊಳೆಯ ನೀರು ಕುಡಿಯುವ ಗದ್ದೆಗಳೂ ಹೋದವು.

ಹೊತ್ತೇರುವ ಮುಂಚೆಯೇ ಜೀಪು ಬಂತು. ಮೂವರು ಇಳಿದರು. ಕಡತ ಹಿಡಿದಿದ್ದ ಬೆಳ್ಳಿಕೂದಲಿನವನು ಕಚೇರಿಯ ಬೆನಿಟೆಜ್. ಮೂಗಿನ ಮೇಲೆ ಕಪ್ಪು ಕನ್ನಡಕ, ಕೈಯಲ್ಲಿ ಫೋನು ಹಿಡಿದವನು ಕಂಪನಿಯ ರುಫೀನೊ. ಹಿಂದೆ, ಅದೇ ಜೀಪಿನಲ್ಲಿ ಜಾಗ ಸಿಕ್ಕಿ ಬಂದ ನನ್ನ ಜೋವಿತಾ, ಬೆನ್ನಿಗೆ ಕಂಬಳಿಯಲ್ಲಿ ಕೂಸು. ನಾನು ಓಡಿಯೇ ಓಡಿದೆ, ಜೊಂಡಿನ ಹತ್ತಿರ ಬಂದು ಗಕ್ಕನೆ ನಿಂತೆ. ಆಚೆ ಅವಳೂ ನಿಂತಳು. ನಡುವೆ ಎರಡು ಮಾರು ದಾರಿ. ಇಡೀ ಊರು ನನ್ನ ಹಿಂದೆ ಗದ್ದೆಯ ಬದುಗಳ ಮೇಲೆ ನಿಂತು ನೋಡುತ್ತಿತ್ತು.

"ಗೊತ್ತಿರ್ಲಿಲ್ಲ ಅವ್ವಾ," ಎಂದಳು. ಅವಳ ಮುಖ ಬಾಡಿತ್ತು.

"ಇಲ್ಲಿ ಫೋನ್ ಎಲ್ಲಿ ಸಿಗುತ್ತೆ ಮಗಾ, ಹೇಳೋಕೆ," ಎಂದೆ.

ಪಕಿಪಾಕ್ ಅಜ್ಜ ಬಂದು ಬೆನಿಟೆಜ್‌ಗೆ ವಿಷಯ ಹೇಳಿದ. "ಸಂಜೆ ಆದ್ಮೇಲೆ ಬನ್ನಿ ಸ್ವಾಮಿ. ಅನ್ನ ಇದೆ, ಹೊಗೆಗೆ ಕಟ್ಟಿದ ಹಂದಿಮಾಂಸ ಇದೆ, ಎಲ್ಲಾ ಮಾತಾಡೋಣ."

ರುಫೀನೊ ಗಹಗಹಿಸಿ ನಕ್ಕ. "ಎರಡು ಹುಲ್ಲುಕಡ್ಡಿ ಸಾರ್! ಬೆಳಗ್ಗೆ ನಮಗೋಸ್ಕರಾನೇ ನೆಟ್ಟಿದ್ದು ಇದು. ನಾಟಕ." ಆಮೇಲೆ ಫೋನು ಎತ್ತಿ ನನ್ನ ಕಡೆ ಹಿಡಿದ. ದನಿಗೆ ಬೆಣ್ಣೆ ಸವರಿದ. "ಏನಜ್ಜಿ, ಮೊಮ್ಮಗೂನ ಎತ್ಕೊಳ್ಳಲ್ವಾ? ಅಷ್ಟು ದೂರದಿಂದ ಬಂದಿದೆ ಪಾಪ. ಎರಡು ಹೆಜ್ಜೆ ಇಟ್ರೆ ಸಿಗುತ್ತೆ. ಯಾರು ಏನಂತಾರೆ?"

ಅವನು ಏನು ಮಾಡುತ್ತಿದ್ದಾನೆಂದು ನನಗೆ ಗೊತ್ತಿಲ್ಲದೆ ಇರಲಿಲ್ಲ. ಊರಿನ ಮುದುಕಿಯೇ ಗಂಟು ದಾಟಿದಳು ಎಂದು ಫೋನಿನಲ್ಲಿ ತೋರಿಸಿದರೆ ಅವನ ವರದಿ ನಿಜವಾಗುತ್ತಿತ್ತು. "ನಿನ್ನ ಅಜ್ಜಿಗೆ ಹೇಳೋ ಇದನ್ನೆಲ್ಲಾ, ದರಿದ್ರ ಮೂತಿಯವ್ನೇ!" ಎಂದು ಬೈದೆ. ಬದುಗಳ ಮೇಲಿದ್ದವರೆಲ್ಲ ನಕ್ಕರು.

ಅಷ್ಟರಲ್ಲಿ ಕೂಸು ಅತ್ತಿತು. ಜೋವಿತಾ ಕಂಬಳಿ ಬಿಚ್ಚಿ ಅದನ್ನು ಮುಂದಕ್ಕೆ ತಂದುಕೊಂಡಳು. ಕೆಂಪಗಿನ ಪುಟ್ಟ ಮುಖ, ನನ್ನ ಗಂಡನದೇ ಅಗಲ ಹಣೆ. ಸತ್ತವನ ಹಣೆ ಅಲ್ಲಿ ಬಿಸಿಲಲ್ಲಿ ಅಳುತ್ತಿತ್ತು. ಮುಚ್ಚಿಟ್ಟು ಏನು ಪ್ರಯೋಜನ, ಹೇಳಿಬಿಡುತ್ತೇನೆ: ಹೊಳೆ ಮರೆತೆ, ಊರು ಮರೆತೆ, ಅಜ್ಜನನ್ನೂ ಮರೆತೆ. ನನ್ನ ಎರಡೂ ಕೈ ಮುಂದಕ್ಕೆ ಹೋದವು, ಒಂದು ಕಾಲೂ ಎದ್ದಿತು.

ಜೋವಿತಾ ಕೂಸನ್ನು ಎದೆಗೆ ಅವಚಿಕೊಂಡು ಮೂರು ಹೆಜ್ಜೆ ಹಿಂದೆ ಸರಿದಳು.

"ಬೇಡ ಅವ್ವಾ," ಎಂದಳು. "ಕಾಲು ಕೆಳಗಿಡು."

ನನಗೆ ಮುಖಕ್ಕೆ ತಣ್ಣೀರು ಎರಚಿದಂತಾಯಿತು. ಹದಿನಾಲ್ಕು ವರ್ಷ ಪಟ್ಟಣದಲ್ಲಿದ್ದವಳು, ಇವಳಿಗೆ ಊರು ಮರೆತೇಹೋಯಿತು ಎಂದು ನಾನೇ ಎಷ್ಟು ಸಲ ಹಂಗಿಸಿದ್ದೆ! ಅವಳ ಕಣ್ಣಲ್ಲಿ ನೀರು ಧಾರಾಕಾರ ಸುರಿಯುತ್ತಿತ್ತು, ದನಿ ಮಾತ್ರ ನಡುಗಲಿಲ್ಲ. ನಾನು ಕಾಲು ಕೆಳಗಿಟ್ಟೆ, ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ.

ಅವಳು ರಸ್ತೆ ಬದಿಯ ಪೈನ್ ಮರದ ಕೆಳಗೆ ಹೋಗಿ ಕೂತು ಕೂಸಿಗೆ ಹಾಲು ಕೊಟ್ಟಳು.

"ನೋಡಿದ್ರಲ್ಲ ಸಾರ್, ಮುದುಕಿ ಹೊರಟೇಬಿಟ್ಟಿದ್ಲು!" ಎಂದ ರುಫೀನೊ.

"ನೋಡಿದೆ," ಎಂದ ಬೆನಿಟೆಜ್. "ನಿಲ್ಲಿಸಿದ್ದು ಯಾರು ಅಂತಾನೂ ನೋಡಿದೆ." ಅವನು ಬೂಟು ಬಿಚ್ಚಿ, ಅದೇ ಮರದ ಕೆಳಗೆ ಕಡತವನ್ನೇ ಹಾಸಿಕೊಂಡು ಕೂತ. ಚೀಲದಲ್ಲಿದ್ದ ಬ್ರೆಡ್ಡು ಮುರಿದು ಜೋವಿತಾಗೆ ಅರ್ಧ ಕೊಟ್ಟ. "ನೀವು ಬೇಕಾದ್ರೆ ಹೊರಡಿ. ನಾನು ಸಂಜೆ ತನಕ ಕಾಯ್ತೀನಿ."

ರುಫೀನೊ ಸ್ವಲ್ಪ ಹೊತ್ತು ಗೊಣಗಿ, ಜೀಪು ಹತ್ತಿ ಹೋದ. ಬದುಗಳಿಂದ ಯಾರೋ ಸಿಳ್ಳೆ ಹೊಡೆದರು.

ನಾನೂ ಹೋಗಲಿಲ್ಲ. ಜೊಂಡಿನ ಈಚೆ ನೆಲದ ಮೇಲೆ ಕೂತೆ, ಅವಳು ಆಚೆ. ಕೂಗಿ ಕೂಗಿ ಮಾತಾಡಿದೆವು: ಹೆರಿಗೆ ಹೇಗಾಯಿತು, ಅಳಿಯ ಅಡಿಗೆ ಮಾಡುತ್ತಾನೋ ಇಲ್ಲವೋ, ಕೂಸು ರಾತ್ರಿ ಎಷ್ಟು ಸಲ ಏಳುತ್ತದೆ. ಊರೆಲ್ಲ ಕೇಳಿಸಿಕೊಂಡಿತು, ನಡುನಡುವೆ ಬುದ್ಧಿಯನ್ನೂ ಹೇಳಿತು. ಅಷ್ಟು ಉದ್ದದ ದಿನವನ್ನು ನನ್ನ ಜನ್ಮದಲ್ಲಿ ಕಂಡಿಲ್ಲ.

ಸೂರ್ಯ ಗುಡ್ಡದ ಹಿಂದೆ ಇಳಿದ ಮೇಲೆ ಪಕಿಪಾಕ್ ಅಜ್ಜ ಬಂದು ಜೊಂಡು ಕಿತ್ತ. ಜೋವಿತಾ ನಡೆದು ಬಂದು ಕೂಸನ್ನು ನನ್ನ ಕೈಯಲ್ಲಿಟ್ಟಳು. ನಾನು ಅತ್ತೆ, ಜೋರಾಗಿಯೇ ಅತ್ತೆ. ನಾಚಿಕೆ ಏನೂ ಆಗಲಿಲ್ಲ.

ಊಟವಾದ ಮೇಲೆ ಬೆನಿಟೆಜ್ ಕಡತ ಬಿಚ್ಚಿದ. ಮುದುಕರ ಹೇಳಿಕೆ ಬರೆದುಕೊಂಡು ನನ್ನ ಕಡೆ ತಿರುಗಿದ. "ಬೆಳಗ್ಗೆ ನೀವು ಕಾಲೆತ್ತಿದ್ದು ಬರೀಬೇಕಾಗಿಲ್ಲ ಅಮ್ಮ. ನೀವು ದಾಟಲಿಲ್ಲವಲ್ಲ."

"ಬರೀ," ಎಂದೆ. "ಬಲ್ಲಯಾನಿನ ಲಯೋಗನ್ ತೆಂಗಾವ್ ದಿನ ಗಂಟು ದಾಟೋಕೆ ಹೊರಟಿದ್ಲು, ಅವಳ ಮಗಳು ಬಿಡ್ಲಿಲ್ಲ. ಹೀಗೇ ಬರೀ, ಒಂದಕ್ಷರ ಬಿಡ್ಬೇಡ."

ಅವನು ಬರೆದು ಓದಿ ಹೇಳಿದ. ನಾನು ಹೆಬ್ಬೆಟ್ಟು ಒತ್ತಿದೆ.

"ಅಯ್ಯೋ ಅವ್ವಾ, ಸರ್ಕಾರಿ ಕಾಗದದಲ್ಲಿ ನೀನೇ ತಪ್ಪಿತಸ್ಥೆ ಆದ್ಯಲ್ಲೇ!" ಎಂದು ಜೋವಿತಾ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು.

"ಆದ್ರೆ ಆಗ್ಲಿ ಬಿಡೇ," ಎಂದೆ. "ನನ್ನನ್ನೂ ತಡೆಯೋಳು ಒಬ್ಳು ಈ ಊರಲ್ಲಿ ಹುಟ್ಟಿದಾಳೆ ಅಂತಾನೂ ಅದರಲ್ಲೇ ಬರ್ದಿದೆ."